ಅಂಗಮಾರಿಗೆ ದುಂಡಾಣುವಿನ ಮದ್ದೇಕೆ?

ಮಾನ್ಯ ಸಂಪಾದಕರೇ,

ಹಾಸನ ಜಿಲ್ಲೆಯಲ್ಲಿ ಮುಂಗಾರು ಹಿಡಿದು, ಮೋಡ ಕವಿದ ವಾತಾವರಣ ಒಂದು ವಾರ ಮುಂದುವರಿದರೆ ಸಾಕು, ಆಲೂಗಡ್ಡೆ ಹೊಲಗಳಲ್ಲಿ ಅಂಗಮಾರಿ ಕಾಣಿಸಿಕೊಂಡಿತೆಂಬ ಸುದ್ದಿ ನಿಮ್ಮ ಜಿಲ್ಲಾ ಪುಟದಲ್ಲಿ ಬರುತ್ತದೆ. ಕರಿಕಟ್ಟಿದ ಎಲೆಗಳ ಚಿತ್ರ, ನಷ್ಟದ ಅಂದಾಜು, ಪರಿಹಾರಕ್ಕಾಗಿ ರೈತರ ಒತ್ತಾಯ ಎಲ್ಲವೂ ಅದರಲ್ಲಿರುತ್ತವೆ, ಇರಬೇಕಾದವೂ ಹೌದು. ಆದರೆ ಆ ರೋಗವನ್ನು ತಂದ ಜೀವಿ ಯಾವ ಬಗೆಯದು, ಅದು ದುಂಡಾಣುವೋ (ಬ್ಯಾಕ್ಟೀರಿಯಾ), ಶಿಲೀಂಧ್ರವನ್ನು ಹೋಲುವ ಜೀವಿಯೋ, ವೈರಾಣುವೋ ಎಂಬುದನ್ನು ತಿಳಿಸುವ ಒಂದು ಸಾಲು ಮಾತ್ರ ಬಹುತೇಕ ಕಾಣುವುದಿಲ್ಲ. ಜೀವಕೋಶಗಳ ವಿಂಗಡಣೆ ಕಾಲೇಜಿನ ಪಾಠವೆಂದೂ, ಹೊಲಕ್ಕೂ ಅದಕ್ಕೂ ಸಂಬಂಧವಿಲ್ಲವೆಂದೂ ಭಾವಿಸಿರುವುದೇ ಇದಕ್ಕೆ ಕಾರಣವಿರಬೇಕು. ರೈತನು ಔಷಧಿ ಅಂಗಡಿಯಲ್ಲಿ ಕೊಡುವ ಹಣ ಕೆಲಸಕ್ಕೆ ಬರುತ್ತದೆಯೋ ಮಣ್ಣುಪಾಲಾಗುತ್ತದೆಯೋ ಎಂಬುದು ಆ ಒಂದು ಸಾಲಿನ ಮೇಲೆಯೇ ನಿಂತಿದೆಯೆಂದು ತೋರಿಸುವುದಕ್ಕಾಗಿ ಈ ಪತ್ರ ಬರೆಯುತ್ತಿದ್ದೇನೆ.

ಅಂಗಮಾರಿಗೆಂದು ಶಿಲೀಂಧ್ರನಾಶಕ ಕೊಳ್ಳಲು ಹೋದವರಿಗೆ ಅದರ ಜೊತೆಗೆ ಸ್ಟ್ರೆಪ್ಟೊಮೈಸಿನ್ ಬೆರೆತ ಪುಡಿಯ ಒಂದು ಪೊಟ್ಟಣವನ್ನೂ ಕೈಗಿಟ್ಟು, ಎರಡನ್ನೂ ಒಂದೇ ಡ್ರಮ್ಮಿನಲ್ಲಿ ಕದಡಿ ಹೊಡೆಯಿರಿ ಎಂದು ಹೇಳುವುದನ್ನು ನಮ್ಮ ಕಡೆ ನಾನು ಹಲವು ಬಾರಿ ಕೇಳಿದ್ದೇನೆ. ಸ್ಟ್ರೆಪ್ಟೊಮೈಸಿನ್ ದುಂಡಾಣುಗಳಿಗಾಗಿ ಇರುವ ಆ್ಯಂಟಿಬಯೋಟಿಕ್. ಅಂಗಮಾರಿಯನ್ನು ತರುವ ಫೈಟಾಪ್ತರಾ ಇನ್‌ಫೆಸ್ಟನ್ಸ್ ದುಂಡಾಣುವಲ್ಲ. ಅದರ ಕೋಶದೊಳಗೆ ಪೊರೆಯಿಂದ ಸುತ್ತುವರಿದ ಕೋಶಕೇಂದ್ರವಿದೆ, ಶಕ್ತಿ ತಯಾರಿಸುವ ಪುಟ್ಟ ಭಾಗಗಳಾದ ಮೈಟೊಕಾಂಡ್ರಿಯಾ ಇವೆ, ಅದರ ಕೋಶಭಿತ್ತಿಯಲ್ಲಿ ಸೆಲ್ಯುಲೋಸ್ ಇದೆ. ಅಂದರೆ ಕೋಶದ ಕಟ್ಟೋಣದ ದೃಷ್ಟಿಯಿಂದ ಅದು ದುಂಡಾಣುವಿಗಿಂತ ಆಲೂಗಡ್ಡೆ ಗಿಡಕ್ಕೇ, ಅಷ್ಟೇ ಏಕೆ, ಗಿಡಕ್ಕೆ ಔಷಧಿ ಹೊಡೆಯುವ ರೈತನ ದೇಹದ ಕೋಶಕ್ಕೇ ಹೆಚ್ಚು ಹತ್ತಿರದ್ದು. 1845ರಲ್ಲಿ ಐರ್ಲೆಂಡಿನ ಆಲೂಗಡ್ಡೆ ಬೆಳೆಯನ್ನು ಕೊಳೆಸಿ ಮಹಾ ಕ್ಷಾಮಕ್ಕೆ ಕಾರಣವಾದದ್ದೂ ಇದೇ ಜೀವಿ.

ಜೀವಲೋಕದ ಈ ಎರಡು ಬಗೆಯ ಕೋಶಗಳಿಗೆ, ಅಂದರೆ ದುಂಡಾಣುವಿನಂತೆ ಕೋಶಕೇಂದ್ರವಿಲ್ಲದವಕ್ಕೆ ಪ್ರೊಕ್ಯಾರಿಯೋಟಿಕ್ ಮತ್ತು ಕೋಶಕೇಂದ್ರವಿರುವವಕ್ಕೆ ಯೂಕ್ಯಾರಿಯೋಟಿಕ್ ಎಂಬ ಹೆಸರುಗಳನ್ನು ಫ್ರಾನ್ಸಿನ ಜೀವವಿಜ್ಞಾನಿ ಎದುವಾರ್ ಶಾತ್ತೋ 1925ರಲ್ಲಿ ಬಳಸಿದರು. ಆದರೆ ದುಂಡಾಣುವೆಂದರೆ ಏನು ಎಂಬುದಕ್ಕೆ ಈ ವಿಭಾಗವೇ ಸರಿಯಾದ ಅಡಿಪಾಯವೆಂದು ರೋಜರ್ ಸ್ಟೇನಿಯರ್ ಮತ್ತು ವಾನ್ ನೀಲ್ ಸ್ಪಷ್ಟವಾಗಿ ವಾದಿಸಿದ್ದು 1962ರಲ್ಲಿ. ಎಲೆಕ್ಟ್ರಾನ್ ಸೂಕ್ಷ್ಮದರ್ಶಕ ಬಂದ ಮೇಲಷ್ಟೇ ಕೋಶದ ಒಳಗನ್ನು ನಿಚ್ಚಳವಾಗಿ ನೋಡಲು ಸಾಧ್ಯವಾಯಿತು. ಹೊರಗಿನಿಂದ ಎರಡೂ ಸಣ್ಣ ಜೀವಿಗಳೆಂದು ತೋರಿದರೂ ಒಳಗಿನ ವ್ಯವಸ್ಥೆ ತೀರ ಬೇರೆಯೆಂಬುದು ಆಗ ನಿಸ್ಸಂಶಯವಾಯಿತು.

ಪ್ರೊಕ್ಯಾರಿಯೋಟಿಕ್ ಕೋಶದ ಮೊದಲ ಲಕ್ಷಣ ಅದರ ಗಾತ್ರ. ಸಾಮಾನ್ಯ ದುಂಡಾಣುವೊಂದು ಅರ್ಧದಿಂದ ಐದು ಮೈಕ್ರೊಮೀಟರ್ ಉದ್ದವಿರುತ್ತದೆ. ನಮ್ಮ ಕರುಳಿನಲ್ಲಿರುವ ಇ. ಕೋಲಿ ಸುಮಾರು ಎರಡು ಮೈಕ್ರೊಮೀಟರ್, ಅಂದರೆ ಒಂದು ಮಿಲಿಮೀಟರಿನಲ್ಲಿ ಐನೂರನ್ನು ಸಾಲಾಗಿ ಇಡಬಹುದು. ಗಿಡಗಳ ಮತ್ತು ಪ್ರಾಣಿಗಳ ಕೋಶಗಳು ಬಹುಮಟ್ಟಿಗೆ ಹತ್ತರಿಂದ ನೂರು ಮೈಕ್ರೊಮೀಟರ್ ಇರುತ್ತವೆ. ಇದಕ್ಕೆ ಅಪವಾದಗಳಿಲ್ಲದಿಲ್ಲ. ಕೆರಿಬಿಯನ್‌ನ ಗ್ವಾಡಲೂಪ್ ದ್ವೀಪದ ಕಾಂಡ್ಲಾ ಕಾಡಿನಲ್ಲಿ ಸಿಕ್ಕಿದ, 2022ರಲ್ಲಿ ವರದಿಯಾದ ಒಂದು ದುಂಡಾಣು ಸುಮಾರು ಒಂದು ಸೆಂಟಿಮೀಟರ್ ಉದ್ದವಿದ್ದು ಬರಿಗಣ್ಣಿಗೇ ಕಾಣುತ್ತದೆ.

ಎರಡನೆಯದು, ಕೋಶಕೇಂದ್ರ ಇಲ್ಲದಿರುವುದು. ದುಂಡಾಣುವಿನ ಡಿಎನ್ಎ ಸಾಮಾನ್ಯವಾಗಿ ಒಂದೇ ದೊಡ್ಡ ವರ್ತುಲವಾಗಿದ್ದು, ಯಾವ ಪೊರೆಯ ಮರೆಯೂ ಇಲ್ಲದೆ ಕೋಶದ್ರವ್ಯದ ನಡುವೆ ಮಡಚಿಕೊಂಡಿರುತ್ತದೆ. ಆ ಭಾಗಕ್ಕೆ ನ್ಯೂಕ್ಲಿಯಾಯ್ಡ್ ಎನ್ನುತ್ತಾರೆ. ಇ. ಕೋಲಿಯ ಡಿಎನ್ಎಯಲ್ಲಿ ಸುಮಾರು 46 ಲಕ್ಷ ಜೋಡಿ ಅಕ್ಷರಗಳಿವೆ, ಬಿಡಿಸಿಟ್ಟರೆ ಅದು ಕೋಶದ ಉದ್ದದ ಏಳೆಂಟು ನೂರು ಪಟ್ಟು ಉದ್ದವಾಗುತ್ತದೆ. ಪೊರೆಯ ಅಡ್ಡಿ ಇಲ್ಲದಿರುವುದರಿಂದ ಒಂದು ವಂಶವಾಹಿಯ ಪ್ರತಿ ಇನ್ನೂ ತಯಾರಾಗುತ್ತಿರುವಾಗಲೇ ಅದನ್ನು ಓದಿ ಪ್ರೋಟೀನ್ ಕಟ್ಟುವ ಕೆಲಸವೂ ಆರಂಭವಾಗಿಬಿಡುತ್ತದೆ. ಕೋಶಕೇಂದ್ರವಿರುವ ಜೀವಿಗಳಲ್ಲಿ ಪ್ರತಿ ತಯಾರಾಗಿ, ತಿದ್ದುಪಡಿಯಾಗಿ, ಕೋಶಕೇಂದ್ರದ ಪೊರೆಯನ್ನು ದಾಟಿ ಬಂದ ಮೇಲಷ್ಟೇ ಆ ಕೆಲಸ ಸಾಧ್ಯ. ದುಂಡಾಣುಗಳು ಬದಲಾದ ಪರಿಸ್ಥಿತಿಗೆ ನಿಮಿಷಗಳಲ್ಲಿ ಹೊಂದಿಕೊಳ್ಳುವುದರ ಹಿಂದಿನ ದೊಡ್ಡ ಕಾರಣಗಳಲ್ಲಿ ಇದೂ ಒಂದು. ಮೈಟೊಕಾಂಡ್ರಿಯಾ, ಗಾಲ್ಜಿ ಮುಂತಾದ ಪೊರೆಯುಳ್ಳ ಅಂಗಕಗಳೂ ಅವುಗಳಲ್ಲಿಲ್ಲ, ಉಸಿರಾಟದ ರಾಸಾಯನಿಕ ಕ್ರಿಯೆಗಳು ಕೋಶಪೊರೆಯ ಮೇಲೆಯೇ ನಡೆಯುತ್ತವೆ.

ಔಷಧಿಯ ದೃಷ್ಟಿಯಿಂದ ಅತಿ ಮುಖ್ಯವಾದವು ಕೋಶಭಿತ್ತಿ ಮತ್ತು ರೈಬೋಸೋಮ್, ಆದ್ದರಿಂದ ಅವನ್ನು ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ.

ದುಂಡಾಣುಗಳ ಕೋಶಭಿತ್ತಿ ಪೆಪ್ಟಿಡೊಗ್ಲೈಕಾನ್ ಎಂಬ ವಸ್ತುವಿನಿಂದ ಆಗಿದೆ. ಸಕ್ಕರೆಯ ಉದ್ದನೆಯ ಎಳೆಗಳನ್ನು ಅಮೈನೊ ಆಮ್ಲಗಳ ಗಿಡ್ಡ ಕೊಂಡಿಗಳು ಅಡ್ಡಡ್ಡಲಾಗಿ ಬೆಸೆದಿರುತ್ತವೆ; ಬಿದಿರಿನ ಸೀಳುಗಳಿಂದ ಹೆಣೆದ ಕುಕ್ಕೆಯಲ್ಲಿ ಅಡ್ಡ ಸೀಳುಗಳೇ ನಿಲುವು ಸೀಳುಗಳನ್ನು ಹಿಡಿದಿಡುವಂತೆ, ಇಲ್ಲಿ ಈ ಕೊಂಡಿಗಳೇ ಭಿತ್ತಿಗೆ ಬಲ ಕೊಡುವುದು. ಕೋಶದೊಳಗೆ ಲವಣ, ಸಕ್ಕರೆಗಳು ಹೆಚ್ಚಿರುವುದರಿಂದ ಹೊರಗಿನ ನೀರು ಒಳನುಗ್ಗುತ್ತಲೇ ಇರುತ್ತದೆ, ಆ ಒತ್ತಡದಿಂದ ಕೋಶ ಒಡೆದುಹೋಗದಂತೆ ತಡೆಯುವುದು ಈ ಭಿತ್ತಿ. 1928ರಲ್ಲಿ ಅಲೆಕ್ಸಾಂಡರ್ ಫ್ಲೆಮಿಂಗ್ ಕಂಡುಹಿಡಿದ ಪೆನಿಸಿಲಿನ್ ಈ ಅಡ್ಡಕೊಂಡಿಗಳನ್ನು ಬೆಸೆಯುವ ಕಿಣ್ವವನ್ನೇ ಕಟ್ಟಿಹಾಕುತ್ತದೆ. ಬೆಳೆಯುತ್ತಿರುವ ದುಂಡಾಣು ತನ್ನ ಹಳೆಯ ಭಿತ್ತಿಯನ್ನು ಬಿಚ್ಚುತ್ತಲೇ ಇರುತ್ತದೆ, ಆದರೆ ಹೊಸದಾಗಿ ಬೆಸೆಯಲಾಗದೆ ಕೊನೆಗೆ ಒಡೆಯುತ್ತದೆ. ಮನುಷ್ಯನ ಕೋಶಕ್ಕೆ ಭಿತ್ತಿಯೇ ಇಲ್ಲ, ಶಿಲೀಂಧ್ರಗಳ ಭಿತ್ತಿಯಲ್ಲಿ ಪೆಪ್ಟಿಡೊಗ್ಲೈಕಾನ್ ಇಲ್ಲ. ಹಾಗಾಗಿ ಪೆನಿಸಿಲಿನ್ ಅವುಗಳ ತಂಟೆಗೆ ಹೋಗುವುದಿಲ್ಲ. 1884ರಲ್ಲಿ ಡೆನ್ಮಾರ್ಕಿನ ಹ್ಯಾನ್ಸ್ ಕ್ರಿಶ್ಚಿಯನ್ ಗ್ರಾಂ ರೂಪಿಸಿದ ಬಣ್ಣ ಹಾಕುವ ವಿಧಾನವು ಇಂದಿಗೂ ಪ್ರಯೋಗಾಲಯಗಳಲ್ಲಿ ಮೊದಲ ಪರೀಕ್ಷೆಯಾಗಿ ಉಳಿದಿರುವುದು ಈ ಭಿತ್ತಿಯ ದಪ್ಪವನ್ನು ಅದು ಬಯಲುಮಾಡುವುದರಿಂದಲೇ: ದಪ್ಪ ಭಿತ್ತಿಯವು ನೇರಳೆ ಬಣ್ಣವನ್ನು ಹಿಡಿದಿಟ್ಟುಕೊಳ್ಳುತ್ತವೆ, ತೆಳು ಭಿತ್ತಿಯ ಹೊರಗೆ ಮತ್ತೊಂದು ಪೊರೆಯನ್ನು ಹೊದ್ದಿರುವವು ಅದನ್ನು ಬಿಟ್ಟುಕೊಡುತ್ತವೆ. ಆ ಹೊರಪೊರೆ ಅನೇಕ ಔಷಧಿಗಳನ್ನು ಒಳಗೆ ಬಿಡುವುದಿಲ್ಲವೆಂಬುದು ವೈದ್ಯರಿಗೂ ಪಶುವೈದ್ಯರಿಗೂ ದಿನನಿತ್ಯದ ತಲೆನೋವು.

ಭಿತ್ತಿಯೇ ಇಲ್ಲದ ಪ್ರೊಕ್ಯಾರಿಯೋಟ್‌ಗಳೂ ಇವೆ, ಅವು ನಮ್ಮ ನೆರೆಯಲ್ಲೇ ಇವೆ. ಚಿಕ್ಕಮಗಳೂರು ಜಿಲ್ಲೆಯ ಶೃಂಗೇರಿ, ಕೊಪ್ಪ ಭಾಗದ ಅಡಿಕೆ ತೋಟಗಳನ್ನು ದಶಕಗಳಿಂದ ಕಾಡುತ್ತಿರುವ ಹಳದಿ ಎಲೆ ರೋಗದೊಂದಿಗೆ ಗುರುತಿಸಲಾಗಿರುವ ಫೈಟೊಪ್ಲಾಸ್ಮಾ ಅಂಥದ್ದು. ಅದು ಮರದ ಆಹಾರನಾಳದೊಳಗೆ ಬದುಕುತ್ತದೆ, ರಸ ಹೀರುವ ಜಿಗಿಹುಳು ಅದನ್ನು ಮರದಿಂದ ಮರಕ್ಕೆ ಒಯ್ಯುತ್ತದೆ. ಅದೇ ತೋಟದಲ್ಲಿ ಮಳೆಗಾಲದಲ್ಲಿ ಕಾಯಿ ಉದುರಿಸುವ ಕೊಳೆರೋಗವೋ ಆಲೂಗಡ್ಡೆಯ ಅಂಗಮಾರಿಯ ನೆಂಟನಾದ ಇನ್ನೊಂದು ಫೈಟಾಪ್ತರಾದಿಂದ ಬರುವುದು. ಮೈಸೂರು ಸಂಸ್ಥಾನದಲ್ಲಿ ಲೆಸ್ಲಿ ಕೋಲ್ಮನ್ 1910ರ ಹೊತ್ತಿಗೆ ಅದನ್ನು ಅಧ್ಯಯನ ಮಾಡಿ ಮೈಲುತುತ್ತ, ಸುಣ್ಣ ಬೆರೆಸಿದ ಬೋರ್ಡೋ ದ್ರಾವಣದ ಸಿಂಪಡಣೆಯನ್ನು ಮಲೆನಾಡಿಗೆ ರೂಢಿ ಮಾಡಿಸಿದರು. ಕೊಳೆಗೆ ಇಂದಿಗೂ ಅದೇ ಆಸರೆ, ಹಳದಿ ಎಲೆಗೆ ಅದರಿಂದ ಏನೂ ಪ್ರಯೋಜನವಿಲ್ಲ. ಒಂದೇ ಮರದ ಎರಡು ರೋಗಗಳಿಗೆ ಎರಡು ಬಗೆಯ ಕೋಶಗಳು ಕಾರಣವಾಗಿರುವಾಗ ಎರಡಕ್ಕೂ ಒಂದೇ ಉಪಾಯ ಹೇಗೆ ಸಾಧ್ಯ?

ಇನ್ನು ರೈಬೋಸೋಮ್. ಪ್ರೋಟೀನ್ ಕಟ್ಟುವ ಈ ರಚನೆ ಎಲ್ಲ ಕೋಶಗಳಲ್ಲೂ ಇದೆ, ಆದರೆ ಒಂದೇ ಆಕಾರದಲ್ಲಿಲ್ಲ. ಪ್ರೊಕ್ಯಾರಿಯೋಟ್‌ಗಳದು 70ಎಸ್ ಎಂದು ಅಳೆಯಲಾಗುವ ಸಣ್ಣ ರೈಬೋಸೋಮ್, ಅದರಲ್ಲಿ 30ಎಸ್ ಮತ್ತು 50ಎಸ್ ಎಂಬ ಎರಡು ತುಂಡುಗಳಿವೆ (ಎಸ್ ಎಂಬುದು ಕಣಗಳು ದ್ರವದಲ್ಲಿ ತಳಕ್ಕಿಳಿಯುವ ವೇಗದ ಅಳತೆ, ಹಾಗಾಗಿ ಈ ಅಂಕಿಗಳನ್ನು ಕೂಡಿಸಲಾಗದು). ಗಿಡ, ಪ್ರಾಣಿ, ಶಿಲೀಂಧ್ರಗಳ ಕೋಶದ್ರವ್ಯದಲ್ಲಿರುವುದು 80ಎಸ್ ರೈಬೋಸೋಮ್. ಸ್ಟ್ರೆಪ್ಟೊಮೈಸಿನ್ ಮತ್ತು ಟೆಟ್ರಾಸೈಕ್ಲಿನ್‌ಗಳು 30ಎಸ್ ತುಂಡಿಗೆ ಅಂಟಿಕೊಂಡು ದುಂಡಾಣುವಿನ ಪ್ರೋಟೀನ್ ತಯಾರಿಯನ್ನು ಕೆಡಿಸುತ್ತವೆ, ಎರಿಥ್ರೊಮೈಸಿನ್ 50ಎಸ್ ತುಂಡಿಗೆ ಅಂಟುತ್ತದೆ. ತಮಿಳುನಾಡಿನ ಚಿದಂಬರಂನಲ್ಲಿ ಹುಟ್ಟಿದ ವೆಂಕಟರಾಮನ್ ರಾಮಕೃಷ್ಣನ್ ಅವರು ಈ 30ಎಸ್ ತುಂಡಿನ ಪರಮಾಣು ಮಟ್ಟದ ರಚನೆಯನ್ನೂ, ಆ್ಯಂಟಿಬಯೋಟಿಕ್‌ಗಳು ಅದರಲ್ಲಿ ಎಲ್ಲಿ ಕೂರುತ್ತವೆಂಬುದನ್ನೂ ತೋರಿಸಿದರು. ಥಾಮಸ್ ಸ್ಟೈಟ್ಸ್ ಮತ್ತು ಆಡಾ ಯೋನತ್ ಅವರೊಂದಿಗೆ 2009ರ ರಸಾಯನಶಾಸ್ತ್ರದ ನೊಬೆಲ್ ಅವರಿಗೆ ಬಂದದ್ದು ರೈಬೋಸೋಮಿನ ಈ ಅಧ್ಯಯನಕ್ಕೇ. ಅಂಗಮಾರಿಯ ಜೀವಿಯ ಕೋಶದ್ರವ್ಯದಲ್ಲಿ ಇರುವುದು 80ಎಸ್ ರೈಬೋಸೋಮ್. ಸ್ಟ್ರೆಪ್ಟೊಮೈಸಿನ್ ಪುಡಿಯನ್ನು ಅಂಗಮಾರಿಯ ಮದ್ದೆಂದು ನಂಬಿ ಹೊಡೆಯುವುದು ಸರಿಯಲ್ಲವೆಂದು ನಾನು ಹೇಳುವುದು ಈ ಆಧಾರದ ಮೇಲೆ.

ಇಲ್ಲೊಂದು ಸೂಕ್ಷ್ಮವಿದೆ. ನಮ್ಮ ಮೈಟೊಕಾಂಡ್ರಿಯಾಗಳು ಬಹಳ ಹಿಂದೆ ಬೇರೊಂದು ಕೋಶದೊಳಗೆ ಸೇರಿಕೊಂಡ ದುಂಡಾಣುಗಳ ಸಂತತಿಯೆಂದು ಲಿನ್ ಮಾರ್ಗುಲಿಸ್ 1967ರಲ್ಲಿ ಪ್ರತಿಪಾದಿಸಿದರು, ಇಂದು ಅದು ಒಪ್ಪಿತವಾದ ಸಂಗತಿ. ಅವುಗಳಲ್ಲಿ ಈಗಲೂ ದುಂಡಾಣುವಿನ ಮಾದರಿಯ ರೈಬೋಸೋಮ್‌ಗಳಿವೆ. ಸ್ಟ್ರೆಪ್ಟೊಮೈಸಿನ್ ಚುಚ್ಚುಮದ್ದನ್ನು ಬಹುಕಾಲ ಪಡೆದ ಕೆಲವರ ಕಿವಿಯ ಶಕ್ತಿ ಕುಂದುವುದಕ್ಕೆ ಇದೂ ಒಂದು ಕಾರಣ. ದುಂಡಾಣುವಿನ ಮದ್ದು ನಮಗೆ ಸಂಪೂರ್ಣ ನಿರಪಾಯಕಾರಿಯೆಂದು ಮುಖಗವಸಿಲ್ಲದೆ ಸಿಂಪಡಿಸುವವರು ಇದನ್ನು ತಿಳಿದಿರಬೇಕು.

ಬೇಡದ ಕಡೆ ಆ್ಯಂಟಿಬಯೋಟಿಕ್ ಚೆಲ್ಲಿದರೆ ಹಣವಷ್ಟೇ ಹೋಗುವುದಿಲ್ಲ. ಹೊಲದ ಮಣ್ಣಿನಲ್ಲಿರುವ ಕೋಟ್ಯಂತರ ದುಂಡಾಣುಗಳ ಮೇಲೆ ಅದು ಬೀಳುತ್ತದೆ, ಅವುಗಳಲ್ಲಿ ಸ್ಟ್ರೆಪ್ಟೊಮೈಸಿನ್ ತಾಳಿಕೊಳ್ಳುವ ಕೆಲವು ಉಳಿದು ಬೆಳೆಯುತ್ತವೆ. ಅನುಕೂಲ ಸನ್ನಿವೇಶದಲ್ಲಿ ಇ. ಕೋಲಿಯಂಥ ದುಂಡಾಣು ಇಪ್ಪತ್ತು ನಿಮಿಷಕ್ಕೊಮ್ಮೆ ಎರಡಾಗಿ ಸೀಳುತ್ತದೆ. ಆಹಾರ ಸಾಕಷ್ಟು ಸಿಕ್ಕರೆ ಒಂದು ಕೋಶ ಹತ್ತು ಗಂಟೆಯಲ್ಲಿ 107 ಕೋಟಿ ದಾಟುವ ಲೆಕ್ಕ ಇದು. ಇದಕ್ಕಿಂತ ಗಂಭೀರವಾದದ್ದು ಪ್ಲಾಸ್ಮಿಡ್‌ಗಳ ವಿಚಾರ. ಮುಖ್ಯ ವರ್ಣತಂತುವಿನ ಹೊರತಾಗಿ ದುಂಡಾಣುಗಳಲ್ಲಿ ಇರುವ ಸಣ್ಣ ಡಿಎನ್ಎ ವರ್ತುಲಗಳಿವು. ಔಷಧಿಗೆ ಮಣಿಯದಂತೆ ಮಾಡುವ ವಂಶವಾಹಿಗಳು ಅನೇಕ ಸಲ ಇವುಗಳಲ್ಲೇ ಇರುತ್ತವೆ. ಒಂದು ದುಂಡಾಣು ಇನ್ನೊಂದಕ್ಕೆ ಪಿಲಸ್ ಎಂಬ ತೆಳುವಾದ ಎಳೆ ಚಾಚಿ ಹತ್ತಿರ ಸೆಳೆದುಕೊಂಡು ತನ್ನ ಪ್ಲಾಸ್ಮಿಡ್‌ನ ಪ್ರತಿಯನ್ನು ದಾಟಿಸಬಲ್ಲದು, ಅದೂ ತನ್ನ ಜಾತಿಯದಲ್ಲದ ದುಂಡಾಣುವಿಗೂ ದಾಟಿಸಬಲ್ಲದು. ದುಂಡಾಣುಗಳ ನಡುವೆ ಹೀಗೆ ವಂಶವಾಹಿ ಕೈಬದಲಾಗುವುದನ್ನು ಲೆಡರ್‌ಬರ್ಗ್ ಮತ್ತು ಟೇಟಮ್ 1946ರಲ್ಲೇ ತೋರಿಸಿದ್ದರು. ಅಮೆರಿಕದಲ್ಲಿ ಸೇಬು, ಮರಸೇಬು ತೋಟಗಳಿಗೆ 1950ರ ದಶಕದಿಂದ ಸ್ಟ್ರೆಪ್ಟೊಮೈಸಿನ್ ಸಿಂಪಡಿಸುತ್ತ ಬಂದರು. 1971ರಲ್ಲಿ ಕ್ಯಾಲಿಫೋರ್ನಿಯಾದ ಮರಸೇಬು ತೋಟಗಳಲ್ಲಿ ಅದಕ್ಕೆ ಬಗ್ಗದ ದುಂಡಾಣುಗಳು ಪತ್ತೆಯಾದವು. ಅಲ್ಲಿ ಸಿಂಪಡಿಸಿದ್ದು ನಿಜವಾಗಿಯೂ ದುಂಡಾಣು ರೋಗಕ್ಕೇ. ನಾವು ದುಂಡಾಣುವೇ ಅಲ್ಲದ ರೋಗಕ್ಕೆ ಸಿಂಪಡಿಸಿ ಅದೇ ಫಲವನ್ನು ತಂದುಕೊಳ್ಳುವುದು ಎಷ್ಟರಮಟ್ಟಿಗೆ ಸರಿ? ಸ್ಟ್ರೆಪ್ಟೊಮೈಸಿನ್ ಇಂದಿಗೂ ಮನುಷ್ಯರ ಕ್ಷಯಕ್ಕೆ ಬಳಕೆಯಲ್ಲಿರುವ ಔಷಧಿ ಎಂಬುದನ್ನು ಮರೆಯಬಾರದು.

ಹಾಗೆಂದು ಆಲೂಗಡ್ಡೆಗೆ ದುಂಡಾಣು ರೋಗವೇ ಇಲ್ಲವೆಂದಲ್ಲ. ರಾಲ್‌ಸ್ಟೋನಿಯಾ ಸೊಲನೇಸಿಯಾರಂ ಎಂಬ ದುಂಡಾಣು ಆಲೂಗಡ್ಡೆ, ಟೊಮೆಟೊ, ಬದನೆ, ಶುಂಠಿ ಸೇರಿ ಇನ್ನೂರಕ್ಕೂ ಹೆಚ್ಚು ಜಾತಿಯ ಗಿಡಗಳಿಗೆ ಸೊರಗು ರೋಗ ತರುತ್ತದೆ. ಆಲೂರು, ಅರಕಲಗೂಡು, ಸಕಲೇಶಪುರದ ಶುಂಠಿ ಬೆಳೆಗಾರರಿಗೆ ಅದರ ಪರಿಚಯ ಚೆನ್ನಾಗಿದೆ. ಅದರ ಡಿಎನ್ಎ ಎರಡು ದೊಡ್ಡ ತುಂಡುಗಳಲ್ಲಿದ್ದು, ಗಿಡದ ಕೋಶಗಳಿಗೆ ತನ್ನ ಪ್ರೋಟೀನ್‌ಗಳನ್ನು ಚುಚ್ಚುವ ಸಾಧನದ ವಂಶವಾಹಿಗಳು ಎರಡನೆಯ ತುಂಡಾದ ಮಹಾಪ್ಲಾಸ್ಮಿಡ್‌ನಲ್ಲಿವೆ. ಚಾವಟಿಯಂಥ ಕಶಾಂಗಗಳ ಬಲದಿಂದ ಈಜಿ ಬೇರಿನ ಗಾಯದ ಮೂಲಕ ಒಳಸೇರಿ, ನೀರುನಾಳದಲ್ಲಿ ಹೆಚ್ಚಿ, ಲೋಳೆಯಂಥ ಸಕ್ಕರೆಯ ಪದಾರ್ಥವನ್ನು ಸ್ರವಿಸಿ ನಾಳವನ್ನೇ ಮುಚ್ಚಿಬಿಡುತ್ತದೆ, ಹಾಗಾಗಿ ಎಲೆ ಹಸಿರಾಗಿರುವಾಗಲೇ ಗಿಡ ಜೋಲುತ್ತದೆ. ಎಲೆಯ ಮೇಲೆ ಸಿಂಪಡಿಸಿದ್ದು ನಾಳದೊಳಗಿನ ಈ ದುಂಡಾಣುವನ್ನು ತಲುಪುವುದು ಕಷ್ಟ, ಆದ್ದರಿಂದ ಇಲ್ಲಿಯೂ ಆ್ಯಂಟಿಬಯೋಟಿಕ್ ಪೊಟ್ಟಣವನ್ನು ನೆಚ್ಚಿಕೊಳ್ಳುವಂತಿಲ್ಲ. ರೋಗವಿಲ್ಲದ ಬಿತ್ತನೆ ಗೆಡ್ಡೆ, ಗೆಡ್ಡೆ ಕತ್ತರಿಸುವ ಕತ್ತಿಯನ್ನು ಆಗಾಗ ಸೋಂಕುನಿವಾರಕದಲ್ಲಿ ಅದ್ದುವುದು, ನೀರು ನಿಲ್ಲದ ಹೊಲ, ಮರುವರ್ಷ ಅದೇ ಹೊಲದಲ್ಲಿ ಟೊಮೆಟೊ, ಮೆಣಸಿನಕಾಯಿ ಹಾಕದೆ ರಾಗಿ ಅಥವಾ ಮುಸುಕಿನ ಜೋಳ ಹಾಕುವುದು, ಇವೇ ದಾರಿ.

ಎರಡು ರೋಗಗಳನ್ನು ಹೊಲದಲ್ಲೇ ಬೇರ್ಪಡಿಸಿ ನೋಡಬಹುದು. ಸೊರಗಿದ ಗಿಡದ ಕಾಂಡವನ್ನು ಬುಡದ ಹತ್ತಿರ ಕತ್ತರಿಸಿ, ಕತ್ತರಿಸಿದ ತುದಿಯನ್ನು ತಿಳಿನೀರು ತುಂಬಿದ ಗಾಜಿನ ಲೋಟದಲ್ಲಿ ಅಲುಗಾಡದಂತೆ ಇಳಿಬಿಟ್ಟರೆ, ದುಂಡಾಣು ರೋಗವಾಗಿದ್ದಲ್ಲಿ ಕೆಲವು ನಿಮಿಷಗಳಲ್ಲಿ ಹಾಲಿನ ಬಣ್ಣದ ತೆಳು ಎಳೆಗಳು ಕೆಳಕ್ಕೆ ಇಳಿಯುತ್ತವೆ. ಆ ಎಳೆಗಳಲ್ಲಿರುವುದು ಲಕ್ಷಾಂತರ ಪ್ರೊಕ್ಯಾರಿಯೋಟಿಕ್ ಕೋಶಗಳೇ. ಅಂಗಮಾರಿಯಾಗಿದ್ದರೆ ಇಂಥ ಎಳೆ ಬರುವುದಿಲ್ಲ. ಮುಂಜಾನೆ ತೇವವಿರುವಾಗ ಎಲೆಯ ಕೆಳಗೆ, ಕಲೆಯ ಅಂಚಿನಲ್ಲಿ ಬಿಳಿಯ ಬೂಷ್ಟು ಕಾಣುತ್ತದೆ.

ದುಂಡಾಣುಗಳನ್ನೆಲ್ಲ ಶತ್ರುಗಳೆಂದು ಬಗೆಯುವುದೂ ಸರಿಯಲ್ಲ. ಕಾಫಿ ತೋಟಕ್ಕೆ ನೆರಳು ಕೊಡುವ ಹಾಲುವಾಣದ ಬೇರಿನ ಗಂಟುಗಳಲ್ಲಿ ಗಾಳಿಯ ಸಾರಜನಕವನ್ನು ಗಿಡಕ್ಕೆ ದಕ್ಕುವಂತೆ ಮಾಡುವುದು ದುಂಡಾಣು. ಈ ಸಾಮರ್ಥ್ಯ ಮೂಲತಃ ಪ್ರೊಕ್ಯಾರಿಯೋಟ್‌ಗಳಿಗಷ್ಟೇ ಸೇರಿದ್ದು. ಮೊದಲ ಮಳೆಗೆ ಏಳುವ ಮಣ್ಣಿನ ವಾಸನೆಯಲ್ಲಿರುವ ಜಿಯೋಸ್ಮಿನ್ ಸ್ಟ್ರೆಪ್ಟೊಮೈಸೀಸ್ ಕುಲದ ದುಂಡಾಣುಗಳ ಕೊಡುಗೆ, 1943ರಲ್ಲಿ ಆಲ್ಬರ್ಟ್ ಶಾಟ್ಜ್ ಸ್ಟ್ರೆಪ್ಟೊಮೈಸಿನ್ ಅನ್ನು ಬೇರ್ಪಡಿಸಿದ್ದೂ ಅದೇ ಕುಲದ ಒಂದು ಜಾತಿಯಿಂದ. ಗೋಬರ್ ಗ್ಯಾಸ್ ಗುಂಡಿಯಲ್ಲಿ ಮೀಥೇನ್ ತಯಾರಿಸುವ ಆರ್ಕಿಯಾಗಳು ಪ್ರೊಕ್ಯಾರಿಯೋಟ್‌ಗಳಾದರೂ ದುಂಡಾಣುಗಳಲ್ಲ. ಅವುಗಳ ಭಿತ್ತಿಯಲ್ಲಿ ಪೆಪ್ಟಿಡೊಗ್ಲೈಕಾನ್ ಇಲ್ಲ, ಅವು ಬೇರೆಯೇ ವಂಶವೆಂದು ಕಾರ್ಲ್ ವೋಸ್ ಮತ್ತು ಜಾರ್ಜ್ ಫಾಕ್ಸ್ 1977ರಲ್ಲಿ ತೋರಿಸಿದರು. ಪಠ್ಯಗಳಲ್ಲಿ ಇವನ್ನೆಲ್ಲ ಸೇರಿಸಿ 'ಸರಳ, ಹಿಂದುಳಿದ ಕೋಶ' ಎಂದು ಒಂದೇ ವಾಕ್ಯದಲ್ಲಿ ಮುಗಿಸುವುದನ್ನು ನಾನು ಒಪ್ಪಲಾರೆ. ಕೋಶಕೇಂದ್ರವಿರುವ ಜೀವಿಗಳು ಬರುವುದಕ್ಕೆ ನೂರಾರು ಕೋಟಿ ವರ್ಷ ಮೊದಲೇ ಭೂಮಿಯ ಮೇಲೆ ನೆಲೆಸಿ, ವಾತಾವರಣಕ್ಕೆ ಆಮ್ಲಜನಕ ತುಂಬಿದ ಕೋಶಗಳು ಅವು.

ಜ್ವರದ ವಿಷಯದಲ್ಲೂ ಇದೇ ಗೊಂದಲವಿದೆ. ಮಳೆಗಾಲದ ಗದ್ದೆಯಲ್ಲಿ ತಗಲುವ ಇಲಿಜ್ವರ ಲೆಪ್ಟೊಸ್ಪೈರಾ ಎಂಬ ದುಂಡಾಣುವಿನದು, ಬೇಗನೆ ಆ್ಯಂಟಿಬಯೋಟಿಕ್ ಕೊಟ್ಟರೆ ಜೀವ ಉಳಿಯುತ್ತದೆ. ಮಂಗನ ಕಾಯಿಲೆಯೂ ಡೆಂಗಿಯೂ ವೈರಾಣುಗಳವು. ವೈರಾಣುವಿಗೆ ಕೋಶವೇ ಇಲ್ಲ, ಭಿತ್ತಿಯಿಲ್ಲ, ತನ್ನದೆಂಬ ರೈಬೋಸೋಮ್ ಇಲ್ಲ, ಆದ್ದರಿಂದ ಆ್ಯಂಟಿಬಯೋಟಿಕ್‌ಗೆ ಅಲ್ಲಿ ಕೆಲಸವೂ ಇಲ್ಲ.

ಪದವಿಪೂರ್ವ ತರಗತಿಗಳಲ್ಲಿ ಹಲವು ವರ್ಷ ಈ ಪಾಠ ಹೇಳಿದವನಾಗಿ ಒಂದು ಮಾತು ಹೇಳುವ ಹಕ್ಕು ನನಗಿದೆಯೆಂದು ಭಾವಿಸುತ್ತೇನೆ. ನಮ್ಮ ಪ್ರಶ್ನೆಪತ್ರಿಕೆಗಳು ಪ್ರೊಕ್ಯಾರಿಯೋಟಿಕ್ ಕೋಶದ ಚಿತ್ರ ಬರೆದು ಭಾಗಗಳನ್ನು ಗುರುತಿಸಲು ಕೇಳುತ್ತವೆ, ಪೆನಿಸಿಲಿನ್ ಮನುಷ್ಯನ ಕೋಶವನ್ನು ಏಕೆ ಕೊಲ್ಲುವುದಿಲ್ಲವೆಂದು ವಿರಳವಾಗಿ ಕೇಳುತ್ತವೆ, ಊರಿನ ಹೊಲದ ರೋಗದ ಬಗ್ಗೆ ಕೇಳುವುದೇ ಇಲ್ಲ. ಆಲೂಗಡ್ಡೆ ಬೆಳೆಯುವ ಮನೆಯ ಹುಡುಗಿ ರೈಬೋಸೋಮಿನ ಅಂಕಿಗಳನ್ನು ಬಾಯಿಪಾಠ ಮಾಡಿ ಪೂರ್ಣ ಅಂಕ ಪಡೆಯುತ್ತಾಳೆ, ಅವಳ ತಂದೆ ಅದೇ ವಾರ ಅಂಗಮಾರಿಗೆ ಆ್ಯಂಟಿಬಯೋಟಿಕ್ ಕೊಳ್ಳುತ್ತಾರೆ. ಆ ಇಬ್ಬರ ನಡುವೆ ಈ ವಿಷಯದ ಮಾತುಕತೆಯಾಗುವಂತೆ ಪಾಠ ಮಾಡಬೇಕಾಗಿದೆ.

ತಮ್ಮ ಪತ್ರಿಕೆಯಲ್ಲಿ ನನ್ನ ಕೋರಿಕೆ ಇಷ್ಟು. ಬೆಳೆ, ಜಾನುವಾರು ಅಥವಾ ಮನುಷ್ಯರ ರೋಗದ ಸುದ್ದಿ ಪ್ರಕಟಿಸುವಾಗ, ಕಾರಣವಾದದ್ದು ದುಂಡಾಣುವೋ, ಶಿಲೀಂಧ್ರದಂಥ ಜೀವಿಯೋ, ವೈರಾಣುವೋ ಎಂಬುದನ್ನೂ, ಆ್ಯಂಟಿಬಯೋಟಿಕ್ ಅದಕ್ಕೆ ನಾಟುತ್ತದೆಯೋ ಇಲ್ಲವೋ ಎಂಬುದನ್ನೂ ತಜ್ಞರಿಂದ ಕೇಳಿ ಸೇರಿಸಿ. ಕಾರೆಕೆರೆಯ ಕೃಷಿ ಕಾಲೇಜು ನಮ್ಮಲ್ಲೇ ಇದೆ, ಹಾಸನದಲ್ಲಿ ಪಶುವೈದ್ಯಕೀಯ ಕಾಲೇಜು ಮತ್ತು ವೈದ್ಯಕೀಯ ವಿಜ್ಞಾನ ಸಂಸ್ಥೆ ಇವೆ, ಕೇಳಿದರೆ ಹೇಳುವವರಿಗೆ ಕೊರತೆಯಿಲ್ಲ. ಮೇ ತಿಂಗಳಲ್ಲಿ ಎಪಿಎಂಸಿ ಪ್ರಾಂಗಣಕ್ಕೆ ಬಿತ್ತನೆ ಆಲೂಗಡ್ಡೆ ಬರುವಾಗ ಸುತ್ತಲಿನ ತಾಲ್ಲೂಕುಗಳ ರೈತರು ಅಲ್ಲಿ ನೆರೆಯುತ್ತಾರೆ. ಒಂದು ಮೇಜು, ಗಾಜಿನ ಲೋಟ, ಸೊರಗಿದ ಎರಡು ಕಾಂಡಗಳನ್ನಿಟ್ಟು ಮೇಲೆ ಹೇಳಿದ ಪರೀಕ್ಷೆಯನ್ನು ಇಲಾಖೆಯವರು ಅಲ್ಲಿ ಮಾಡಿ ತೋರಿಸಲಿ, ಅದರ ಚಿತ್ರವನ್ನು ತಾವು ಜಿಲ್ಲಾ ಪುಟದಲ್ಲಿ ವಿವರಣೆಯೊಂದಿಗೆ ಪ್ರಕಟಿಸಬೇಕೆಂದು ವಿನಂತಿಸುತ್ತೇನೆ.

ಇಂತಿ ತಮ್ಮ ವಿಶ್ವಾಸಿ,
ನಿವೃತ್ತ ಜೀವಶಾಸ್ತ್ರ ಉಪನ್ಯಾಸಕ,
ಹಾಸನ